ಪ್ರತಿಕ್ರಿಯೆ: ಮಳೆ ತಡವಾದರೆ ತಿಂಗಳೂ ತಡವಾಗಬೇಕಾ?

ನಿಮ್ಮ ಕಥೆಯ ಊರಿನ ಪಂಚಾಂಗಕ್ಕೆ ಭತ್ತ ಬೆಳೆಯುವ ಹಂತಗಳನ್ನೇ ಹಿಡಿದು ಮೊಳಕೆ, ತೆಂಡೆ (ಬುಡದಲ್ಲಿ ಕವಲೊಡೆಯೋದು), ಹೊಡೆ (ತೆನೆ ಒಳಗೇ ಉಬ್ಬೋದು), ಹಾಲುಗಾಳು ಅಂತ ತಿಂಗಳಿಗೆ ಹೆಸರಿಟ್ಟಿದ್ದೀರಿ, ಚೆನ್ನಾಗಿದೆ. ಮಳೆ ಕೈಕೊಟ್ಟ ವರ್ಷ ಲೆಕ್ಕ ಹೇಗೆ ಅಂತ ಕೇಳಿದ್ದೀರಿ. ನನ್ನ ಪ್ರಕಾರ ತಿಂಗಳೂ ತಡವಾಗಲಿ, ಸುಮ್ನೆ 30 ದಿನಕ್ಕೆ ಕಟ್ಟಿಹಾಕಬೇಡಿ. ಫ್ರಾನ್ಸಿನವರು 1793ರಲ್ಲಿ ಹಾಗೆ ಕಟ್ಟಿಹಾಕಿದ ಹೊಸ ಪಂಚಾಂಗ ತಂದಿದ್ದರು. ಮೊಳಕೆಯ ತಿಂಗಳು, ಹೂವಿನ ತಿಂಗಳು, ಎಲ್ಲಕ್ಕೂ 30 ದಿನ, ವರ್ಷದ ಕೊನೆಗೆ ಉಳಿದ 5 ಅಥವಾ 6 ದಿನ ಬೇರೆ. ಹೆಸರುಗಳು ಪ್ಯಾರಿಸ್ ಕಡೆಯ ಹವಾಮಾನಕ್ಕೆ ಸರಿ, ದೂರದ ವಸಾಹತುಗಳಿಗೆ ಅರ್ಥವೇ ಇಲ್ಲ. 1806 ಶುರುವಾಗುವಾಗ ಅದನ್ನು ಕೈಬಿಟ್ಟರು.

ನಿಮ್ಮ ಊರಲ್ಲಿ ಒಬ್ಬ ಅಜ್ಜಿ ಗದ್ದೆಗೆ ಇಳಿದು, ಭತ್ತದ ಕಾಳನ್ನು ಉಗುರಲ್ಲಿ ಒತ್ತಿ, ಬಿಳಿ ಹಾಲು ಜಿನುಗಿದರೆ ಮಾತ್ರ 'ಹಾಲುಗಾಳು ಶುರು' ಅಂತ ಸಾರಲಿ. ಆದರೆ ಸಾಲದ ವಾಯಿದೆ, ಮಗುವಿನ ವಯಸ್ಸು, ಸಂತೆ ಇವಕ್ಕೆಲ್ಲ ಅಲುಗಾಡದ ಲೆಕ್ಕ ಬೇಕಲ್ವಾ? ಅದಕ್ಕೆ ನಮ್ಮ ಮಳೆ ನಕ್ಷತ್ರಗಳ ಥರ ಇನ್ನೊಂದು ಎಣಿಕೆ ಇಡಿ. ರೋಹಿಣಿ, ಮೃಗಶಿರ, ಆರಿದ್ರ ಅಂತ 27, ಒಂದೊಂದಕ್ಕೆ 13-14 ದಿನ, ಸೂರ್ಯನ ಲೆಕ್ಕ. ಮಳೆ ಬರಲಿ ಬಿಡಲಿ ರೋಹಿಣಿ ಮೇ ಕೊನೆಗೆ ಬಂದೇ ಬರುತ್ತದೆ.

ಎರಡೂ ಲೆಕ್ಕ ತಾಳೆಯಾಗದ ವರ್ಷ ನಿಮಗೆ ಕಥೆ ಸಿಗುತ್ತದೆ. 'ಕೊಯ್ಲಿನ ತಿಂಗಳಲ್ಲಿ ಕೊಡ್ತೀನಿ' ಅಂದ ಸಾಲಗಾರ, ಬಿತ್ತನೆಯೇ ಆಗಿಲ್ಲ ಅಂದುಬಿಟ್ಟರೆ ಸಾಹುಕಾರ ಏನು ಮಾಡುತ್ತಾನೆ?