ಮೂರನೇ ಬೋರ್ ಕೊರೆಸಲಾ?

ಪ್ರಶ್ನೆ: ಎರಡು ಎಕರೆ ಅಡಿಕೆ ತೋಟ ಇದೆ. ಒಂದು ಬೋರ್ ಪೂರ್ತಿ ಒಣಗಿದೆ, ಇನ್ನೊಂದು ಅರ್ಧ ಗಂಟೆ ಓಡಿದರೆ ಹೆಚ್ಚು. ಪಕ್ಕದ ತೋಟದವರಿಗೆ 900 ಅಡಿಗೆ ನೀರು ಬಿದ್ದಿದೆ. ಸಾಲ ಮಾಡಿ ಸಾವಿರ ಅಡಿ ಕೊರೆಸಲಾ?
– ಅಡಿಕೆ ಬೆಳೆಗಾರರು, ಹೊಳಲ್ಕೆರೆ ತಾಲ್ಲೂಕು

ಉತ್ತರ: ದಯವಿಟ್ಟು ಬೇಡ. ನಮ್ಮ ಚಿತ್ರದುರ್ಗದ ಕಡೆ ಕೆಳಗಿರುವುದು ಗಟ್ಟಿ ಬಂಡೆ, ಅದರ ಬಿರುಕಿನಲ್ಲಿ ಮಾತ್ರ ನೀರು, ಆಳಕ್ಕೆ ಹೋದಷ್ಟೂ ಬಿರುಕು ಕಡಿಮೆ. ಪಕ್ಕದವರಿಗೆ ಸಿಕ್ಕ ಸೆಲೆ ನಿಮಗೂ ಸಿಗುತ್ತದೆ ಅನ್ನೋ ಖಾತ್ರಿ ಇಲ್ಲ. ಸಿಕ್ಕರೂ ಇಬ್ಬರೂ ಒಂದೇ ನೀರು ಎಳೆದು ಬೇಗ ಖಾಲಿ ಮಾಡುತ್ತೀರಿ, ಅಲ್ವಾ? ಆಳದ ನೀರಲ್ಲಿ ಫ್ಲೋರೈಡ್ ಕಾಟ ಬೇರೆ. ಲೀಟರಿಗೆ 1.5 ಮಿಲಿಗ್ರಾಂ ದಾಟಿದರೆ ಕುಡಿಯೋಕೆ ಬರಲ್ಲ, ಕಾಯಿಸಿದರೂ ಹೋಗಲ್ಲ.

ಒಂದು ಎಕರೆಗೆ ಒಂದು ಇಂಚು ಮಳೆ ಬಿದ್ದರೆ ಸುಮಾರು ಒಂದು ಲಕ್ಷ ಲೀಟರ್ ನೀರು. ಹೊಸ ಬೋರ್ ಬದಲು, ಅದರಲ್ಲಿ ಹರಿದು ಹಳ್ಳ ಸೇರುವುದನ್ನು ಒಣಗಿದ ಬೋರ್ ಕಡೆ ತಿರುಗಿಸಿ ಇಂಗಿಸಿ. ಕೇಸಿಂಗ್ ಪೈಪಿನ ಸುತ್ತ ಹತ್ತಡಿ ಉದ್ದ, ಹತ್ತಡಿ ಅಗಲ, ಹತ್ತಡಿ ಆಳದ ಗುಂಡಿ ತೆಗೆಸಿ. ಗುಂಡಿಯೊಳಗೆ ಕಾಣುವ ಪೈಪಿಗೆ ಸುತ್ತಲೂ ಸಣ್ಣ ತೂತು ಹಾಕಿಸಿ, ನೈಲಾನ್ ಜಾಲರಿಯನ್ನು ಎರಡು ಮೂರು ಸುತ್ತು ಬಿಗಿಯಾಗಿ ಕಟ್ಟಿ. ತಳಕ್ಕೆ ದಪ್ಪ ಕಲ್ಲು, ಆಮೇಲೆ ಜಲ್ಲಿ, ಮೇಲೆ ಮರಳು. ನೀರು ಬರುವ ದಾರಿಯಲ್ಲಿ ಇನ್ನೊಂದು ಚಿಕ್ಕ ಗುಂಡಿ ಇರಲೇಬೇಕು, ಇಲ್ಲದಿದ್ದರೆ ಕೆಸರು ನೇರ ಬಂದು ಒಂದೇ ಮಳೆಗಾಲಕ್ಕೆ ಮರಳು ಕಟ್ಟಿಕೊಂಡು ಮಾಡಿದ್ದೆಲ್ಲ ವ್ಯರ್ಥ. ಕೊಟ್ಟಿಗೆ ನೀರು, ಔಷಧಿ ಹೊಡೆದ ಜಾಗದ ನೀರು ಒಂದು ತೊಟ್ಟೂ ಒಳಗೆ ಹೋಗಕೂಡದು. ಹೋದರೆ ಸುತ್ತಲಿನವರ ಬೋರ್ ಕೂಡ ಕೆಡುತ್ತದೆ.

ಮೊದಲ ಮಳೆಗೇ ಬೋರ್ ತುಂಬುತ್ತದೆ ಅಂತ ಹೇಳಲಾರೆ. ನಮ್ಮಲ್ಲಿ ಮಳೆ ಬಂದರೆ ಒಂದೇ ಸಲ ಸುರಿಯುತ್ತದೆ, ಇಲ್ಲದಿದ್ದರೆ ವರ್ಷಗಟ್ಟಲೆ ಕೈಕೊಡುತ್ತದೆ. ಹಿರಿಯೂರಿನ ವಾಣಿವಿಲಾಸ ಸಾಗರವೇ 1933ರ ನಂತರ ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ. ಅಂಥ ಮಳೆ ಬರುವಾಗ ಗುಂಡಿ ರೆಡಿ ಇರಬೇಕು.

ಅಲ್ಲಿವರೆಗೆ ತೋಟಕ್ಕೆ ನೀರು ಹಾಯಿಸುವುದು ಬಿಟ್ಟು ಡ್ರಿಪ್ ಹಾಕಿ. ಬೇಸಿಗೆಯಲ್ಲೂ ಮರಕ್ಕೆ ದಿನಕ್ಕೆ 16ರಿಂದ 20 ಲೀಟರ್ ಸಾಕು. ಬಿದ್ದ ಸೋಗೆ ಸುಡಬೇಡಿ, ಬುಡಕ್ಕೆ ಹೊದಿಸಿ.

ಪ್ರಶ್ನೆ: ದಾವಣಗೆರೆಯಲ್ಲಿ 30×40 ಅಡಿ ಸೈಟಿನ ಮನೆ. ಮಳೆನೀರು ಹಿಡಿದರೆ ಏನಾದರೂ ಲಾಭ ಇದೆಯಾ?
– ಗೃಹಿಣಿ, ದಾವಣಗೆರೆ

ಉತ್ತರ: ಇದೆ ಅಮ್ಮಾ. ಸೈಟು ತುಂಬ ತಾರಸಿ ಇದ್ದರೆ ಒಂದು ಇಂಚು ಮಳೆಗೆ ಸುಮಾರು 2,800 ಲೀಟರ್ ಬೀಳುತ್ತದೆ. ನೆಲದಡಿಯ ಸಂಪ್‌ಗೆ ಬಿಡುವ ಮುಂಚೆ ಜಲ್ಲಿ, ಮರಳಿನ ಫಿಲ್ಟರ್ ಇಡಿಸಿ. ಮೊದಲ ಒಂದೆರಡು ಮಳೆಯ ನೀರು ಧೂಳು, ಹಕ್ಕಿ ಹಿಕ್ಕೆ ತೊಳೆದುಕೊಂಡು ಬರುತ್ತದೆ, ಅದನ್ನು ಗಿಡಕ್ಕೆ ಬಿಡಿ.