ಆರು ತಿಂಗಳಲ್ಲಿ ಮದುವೆ, ಸಿಗರೇಟು ಬಿಟ್ಟರೆ ದಪ್ಪ ಆಗ್ತೀನಾ?

ಆಗಬಹುದು. ನಾನೇ ಆರು ಕೆಜಿ ಏರಿದವನು, ನಿಮಗೆ ಸುಳ್ಳು ಹೇಳಲಾರೆ. ಆದರೆ "ದಿನಕ್ಕೆ ಹತ್ತು ಸೇದ್ತೀನಿ, ಅದಕ್ಕೇ ಸಣ್ಣಗಿದ್ದೀನಿ, ಮದುವೆ ಆದ್ಮೇಲೆ ಬಿಟ್ಟರಾಯ್ತು" ಅಂತ ಬರೆದಿದ್ದೀರಲ್ಲ, ಆ ಲೆಕ್ಕದಲ್ಲೇ ತಪ್ಪಿದೆ.

ನಾನು ಹದಿಮೂರು ವರ್ಷ ಸೇದಿದೆ. ಬೆಳಗ್ಗೆ ಬೇಕರಿ ಮುಂದೆ ನಿಂತು ಒಂದು ಟೀ, ಒಂದು ಸಿಗರೇಟು. ಅಲ್ಲಿಗೆ ತಿಂಡಿಯ ಕಥೆ ಮುಗೀತು. ಅಮ್ಮ ಡಬ್ಬಿಗೆ ಹಾಕಿದ ಚಿತ್ರಾನ್ನ ಎಷ್ಟೋ ಸಂಜೆ ಹಾಗೇ ವಾಪಸ್ ಬರುತ್ತಿತ್ತು. ನನಗೆ ಹಸಿವೇ ಕಡಿಮೆ, ಅದು ಹುಟ್ಟುಗುಣ ಅಂದುಕೊಂಡಿದ್ದೆ. ಹಸಿವು ಇತ್ತು, ಅದರ ದನಿ ನನಗೆ ಕೇಳಿಸುತ್ತಿರಲಿಲ್ಲ ಅಷ್ಟೇ.

ಮೆದುಳಿನ ಬುಡದಲ್ಲಿ ಹೈಪೋಥಲಾಮಸ್ ಅಂತ ಒಂದು ಪುಟ್ಟ ಭಾಗವಿದೆ. "ಹೊಟ್ಟೆ ತುಂಬಿತು, ಸಾಕು" ಅನ್ನುವ ನರಕೋಶಗಳು ಇರುವುದು ಅಲ್ಲಿ. ಉಂಡ ಮೇಲೆ ಎಚ್ಚರಾಗಬೇಕಾದ ಅವುಗಳನ್ನು ನಿಕೋಟಿನ್ ಊಟವಿಲ್ಲದೆಯೇ ತಟ್ಟಿ ಎಬ್ಬಿಸುತ್ತದೆ. ಅಮೆರಿಕದ ಯೇಲ್ ವಿಶ್ವವಿದ್ಯಾಲಯದವರು 2011ರಲ್ಲಿ ಇಲಿಗಳ ಮೇಲೆ ಪ್ರಯೋಗ ಮಾಡಿ ಇದನ್ನು ತೋರಿಸಿದರು. ಜೊತೆಗೆ ನಿಕೋಟಿನ್ ಅಡ್ರಿನಲಿನ್ ಹೆಚ್ಚಿಸುತ್ತದೆ, ಎದೆಬಡಿತ ಏರುತ್ತದೆ, ಮೈ ಸುಮ್ಮನೆ ಕೂತಿದ್ದರೂ ಸ್ವಲ್ಪ ಹೆಚ್ಚು ಉರಿಯುತ್ತದೆ. ದಿನಕ್ಕೆ 24 ಸಿಗರೇಟು ಸೇದಿಸಿ ಅಳೆದು ನೋಡಿದ 1986ರ ಒಂದು ಅಧ್ಯಯನದಲ್ಲಿ ಶಕ್ತಿಯ ಖರ್ಚು ಶೇ. 10ರಷ್ಟು ಹೆಚ್ಚಾಗಿತ್ತು. ಅಂದರೆ ಸುಮಾರು 200 ಕ್ಯಾಲರಿ, ಹೆಚ್ಚುಕಡಿಮೆ ಎರಡು ಇಡ್ಲಿ-ಚಟ್ನಿಯಷ್ಟು. ನಿಮ್ಮ ಹತ್ತು ಸಿಗರೇಟಿಗೆ ಅಷ್ಟೂ ದಕ್ಕಲಾರದು.

ಈ ಗುಟ್ಟು ಕಂಪನಿಗಳಿಗೆ ಎಂದೋ ಗೊತ್ತಿತ್ತು. 1920ರ ದಶಕದ ಕೊನೆಯಲ್ಲೇ ಅಮೆರಿಕದಲ್ಲಿ ಲಕ್ಕಿ ಸ್ಟ್ರೈಕ್‌ನವರು, ಸಿಹಿತಿಂಡಿಗೆ ಕೈ ಹಾಕುವ ಬದಲು ಲಕ್ಕಿ ಸೇದಿ ಅಂತ ಹೆಂಗಸರಿಗೆ ಜಾಹೀರಾತು ಕೊಟ್ಟಿದ್ದರು. ಮಿಠಾಯಿ ವ್ಯಾಪಾರಿಗಳು ಸಿಟ್ಟಿಗೆದ್ದಿದ್ದರಂತೆ.

ಆದರೆ ಸಣ್ಣಗಿರುವುದು ತೂಕದ ಯಂತ್ರದ ಮೇಲೆ ಮಾತ್ರ. ಸೇದುವವರಿಗೆ ತೂಕ ಕಡಿಮೆ ಇದ್ದರೂ ಕೊಬ್ಬು ಹೊಟ್ಟೆಯ ಸುತ್ತ ಸೇರುವುದು ಹೆಚ್ಚು. ನನಗೂ ಕೈಕಾಲು ಕಡ್ಡಿ, ಹೊಟ್ಟೆ ಮಾತ್ರ ಮಡಕೆ. ಟೈಪ್ 2 ಸಕ್ಕರೆ ಕಾಯಿಲೆಯ ಸಾಧ್ಯತೆಯೂ ಸೇದದವರಿಗಿಂತ ಶೇ. 30ರಿಂದ 40ರಷ್ಟು ಜಾಸ್ತಿ. ಮನೆಯಲ್ಲಿ ಅಪ್ಪ-ಅಮ್ಮನಿಗೆ ಶುಗರ್ ಇದ್ದರೆ ಇದನ್ನು ಇನ್ನೊಮ್ಮೆ ಓದಿ.

ಬಿಟ್ಟ ಮೇಲೆ ಏನಾಗುತ್ತದೆ ಗೊತ್ತಾ? ನನಗೆ ಎರಡನೇ ವಾರದಲ್ಲಿ ಪಕ್ಕದ ಮನೆಯವರ ಒಗ್ಗರಣೆ ಘಮ ಬಂತು. ಸಾರು ಇಷ್ಟು ರುಚಿ ಇರುತ್ತದೆ ಅಂತ ಮರೆತೇ ಹೋಗಿತ್ತು, ಎರಡು ಸಲ ಅನ್ನ ಹಾಕಿಸಿಕೊಂಡೆ. ಅದರಿಂದ ಕೆಟ್ಟಿದ್ದು ಕಡಿಮೆ. ಕೆಡಿಸಿದ್ದು ಕಾಂಗ್ರೆಸ್ ಕಡ್ಲೇಕಾಯಿ. ಕೈಗೂ ಬಾಯಿಗೂ ಕೆಲಸ ಬೇಕಲ್ಲ, ಸಿಗರೇಟಿನ ಜಾಗಕ್ಕೆ ಪೊಟ್ಟಣ ಬಂತು, ದಿನಕ್ಕೊಂದು. ನನ್ನ ಆರರಲ್ಲಿ ಎರಡು ಕೆಜಿ ಅದರ ಲೆಕ್ಕಕ್ಕೇ ಬರೆದುಕೊಳ್ಳಬೇಕು.

ಹಲವು ಅಧ್ಯಯನಗಳನ್ನು ಕೂಡಿಸಿ ನೋಡಿದ 2012ರ ಲೆಕ್ಕದ ಪ್ರಕಾರ, ಔಷಧದ ನೆರವಿಲ್ಲದೆ ಬಿಟ್ಟವರಿಗೆ ಒಂದು ವರ್ಷದಲ್ಲಿ ಸರಾಸರಿ 4.7 ಕೆಜಿ ಏರುತ್ತದೆ, ಬಹುಪಾಲು ಮೊದಲ ಮೂರು ತಿಂಗಳಲ್ಲೇ. ನೂರಕ್ಕೆ 16 ಜನರಿಗೆ ತೂಕ ಇಳಿದಿತ್ತು, 13 ಜನರಿಗೆ ಹತ್ತು ಕೆಜಿ ದಾಟಿತ್ತು. ಏರಿದ ತೂಕ ಇಟ್ಟುಕೊಂಡೇ ಹೃದಯದ ಅಪಾಯ ಇಳಿಯುತ್ತದೆ ಅನ್ನುವುದೂ ದೊಡ್ಡ ಅಧ್ಯಯನಗಳಲ್ಲಿ ಕಂಡಿದೆ.

ನನ್ನ ಅನುಭವದ ಮಾತು: ಬೆಳಗ್ಗೆ ಎದ್ದವರೇ ತಿಂಡಿ ತಿನ್ನಿ, ಹಸಿವಾಗದಿದ್ದರೂ. ಖಾಲಿ ಹೊಟ್ಟೆಗೆ ಸಿಗರೇಟಿನ ನೆನಪು ಜಾಸ್ತಿ. ಕಡ್ಲೇಕಾಯಿ ಬದಲು ಸೌತೆಕಾಯಿ ಹೋಳು, ಹುರಿಗಡಲೆ. ಅದೇ ವಾರ ಕಟ್ಟುನಿಟ್ಟಿನ ಡಯಟ್ ಶುರು ಮಾಡಬೇಡಿ, ಎರಡೂ ಕೈಕೊಡುತ್ತವೆ. ಮೆಡಿಕಲ್ ಶಾಪಿನಲ್ಲಿ ಸಿಗುವ ನಿಕೋಟಿನ್ ಗಮ್ ತೂಕ ಏರುವುದನ್ನು ಸ್ವಲ್ಪ ಮುಂದೂಡುತ್ತದೆ, ಎಷ್ಟು ಮಿಲಿಗ್ರಾಂ ಅಂತ ಡಾಕ್ಟರನ್ನು ಕೇಳಿಕೊಳ್ಳಿ. ಕಾಫಿ ಅರ್ಧ ಮಾಡಿ. ಹೊಗೆಯಲ್ಲಿರುವ ಟಾರ್‌ನಿಂದಾಗಿ ಸೇದುವವರ ಲಿವರ್ ಕೆಫೀನನ್ನು ಬೇಗ ಕರಗಿಸುತ್ತದೆ. ಸೇದುವುದು ನಿಂತ ಮೇಲೆ ಅದೇ ಮೂರು ಲೋಟ ಕಾಫಿ ಕೈ ನಡುಗಿಸುತ್ತದೆ, ನಿದ್ದೆ ಕೆಡಿಸುತ್ತದೆ. ನಾನು ಅದನ್ನು ಸಿಗರೇಟಿನ ಚಡಪಡಿಕೆ ಅಂದುಕೊಂಡು ಒಮ್ಮೆ ವಾಪಸ್ ಶುರು ಮಾಡಿದ್ದೆ. ತೀರಾ ಕಷ್ಟವಾದರೆ 1800-11-2356ಕ್ಕೆ ಫೋನ್ ಮಾಡಿ, ತಂಬಾಕು ಬಿಡುವವರಿಗೆಂದೇ ಇರುವ ಸರ್ಕಾರದ ಸಹಾಯವಾಣಿ, ದುಡ್ಡಿಲ್ಲ.

ಇವತ್ತೇ ಬಿಟ್ಟರೆ ಮುಹೂರ್ತದ ಹೊತ್ತಿಗೆ ಏರಬೇಕಾದ್ದು ಹೆಚ್ಚುಕಡಿಮೆ ಏರಿ ನಿಂತಿರುತ್ತದೆ. ಸೂಟ್ ಅಳತೆ ಕೊನೆಯ ತಿಂಗಳಲ್ಲಿ ಕೊಡಿ. ಈಗಾಗಲೇ ಕೊಟ್ಟಿದ್ದರೆ, ಸೊಂಟದ ಹೊಲಿಗೆಯ ಒಳಗೆ ಎರಡು ಇಂಚು ಬಟ್ಟೆ ಬಿಡಿ ಅಂತ ಟೈಲರ್‌ಗೆ ಹೇಳಿ.