ಸ್ವೆತ್ಲಾನಾ ನಮ್ಮ ಶ್ವೇತಾಗೆ ಏನಾಗಬೇಕು?

ಪ್ರಶ್ನೆ: ನನ್ನ ಮಗಳು ಶ್ವೇತಾಳ ಸಹಪಾಠಿ ಒಬ್ಬ ರಷ್ಯನ್ ಹುಡುಗಿ, ಹೆಸರು ಸ್ವೆತ್ಲಾನಾ. ಮನೆಯಲ್ಲಿ ಅವಳನ್ನು ‘ಸ್ವೆತಾ’ ಅಂತಲೇ ಕರೆಯುತ್ತಾರಂತೆ. ನಮ್ಮ ಸಂಸ್ಕೃತದ ಹೆಸರೇ ಅಲ್ಲಿಗೆ ಹೋಗಿದೆಯೇ? ಕನ್ನಡದಲ್ಲಿ ಆ ಹೆಸರನ್ನು ಬರೆಯುವುದು ಹೇಗೆ?
– ಓದುಗರು, ಶಿವಮೊಗ್ಗ

ಉತ್ತರ: ಹೋಗಿಲ್ಲ. ಆದರೆ ನಂಟು ಸುಳ್ಳಲ್ಲ. ತಾಯಿ-ಮಗಳ ನಂಟಲ್ಲ, ಅಕ್ಕ-ತಂಗಿಯರದು. ರಷ್ಯನ್ನಿನಲ್ಲಿ ‘ಸ್ವೆತ್’ ಎಂದರೆ ಬೆಳಕು. ಅದೂ ಸಂಸ್ಕೃತದ ‘ಶ್ವೇತ’ವೂ ಇಂಡೊ-ಯುರೋಪಿಯನ್ ಮೂಲಭಾಷೆಯ ಒಂದೇ ಧಾತುವಿನಿಂದ ಬೇರೆಬೇರೆ ದಾರಿಯಲ್ಲಿ ಬಂದವು. ಮೂಲದ ಒಂದು ಬಗೆಯ ಕಕಾರ ಸಂಸ್ಕೃತದಲ್ಲಿ ‘ಶ’ ಆಯಿತು, ಸ್ಲಾವ್ ಭಾಷೆಗಳಲ್ಲಿ ‘ಸ’ ಆಯಿತು. ಹತ್ತಕ್ಕೆ ನಮ್ಮಲ್ಲಿ ದಶ, ಅಲ್ಲಿ ದೆಸ್ಯತ್. ನೂರಕ್ಕೆ ಶತ, ಅಲ್ಲಿ ಸ್ತೊ.

ಹೆಸರನ್ನು ‘ಸ್ವೆತ್’ + ‘ಲಾನಾ’ ಎಂದು ಒಡೆಯಬೇಡಿ. ನಡುವಿನ ‘ಲ’ ಬಂದದ್ದು ‘ಸ್ವೆತ್ಲಿ’ (ಬೆಳಕಿನಿಂದ ಕೂಡಿದ) ಎಂಬ ವಿಶೇಷಣದಿಂದ. ಅದಕ್ಕೆ ‘-ಆನಾ’ ಸೇರಿದೆ.

ಕೇಳಿದರೆ ಪುರಾತನ ಅನ್ನಿಸುತ್ತದೆ, ಆದರೆ ಇದು ಕವಿಗಳು ಕಟ್ಟಿದ ಹೆಸರು. 1802ರಲ್ಲಿ ವೊಸ್ತೊಕೊವ್ ತನ್ನ ಕಥನಕಾವ್ಯದಲ್ಲಿ ಬಳಸಿದ. 1813ರಲ್ಲಿ ಅಚ್ಚಾದ ಜುಕೊವ್‌ಸ್ಕಿಯ ‘ಸ್ವೆತ್ಲಾನಾ’ ಲಾವಣಿ ಅದನ್ನು ಮನೆಮಾತಾಗಿಸಿತು. ಹಬ್ಬದ ಹಿಂದಿನ ರಾತ್ರಿ ಮೇಣದಬತ್ತಿ ಹಚ್ಚಿ, ಕನ್ನಡಿಯ ಮುಂದೆ ಕೂತು, ಬರಲಿರುವ ಗಂಡನ ಮುಖಕ್ಕಾಗಿ ಕಾಯುವ ಹುಡುಗಿಯ ಕಥೆ ಅದು. ಆದರೂ ಮಕ್ಕಳಿಗೆ ಇಡುವಂತಿರಲಿಲ್ಲ! ಆರ್ಥಡಾಕ್ಸ್ ಚರ್ಚಿನಲ್ಲಿ ದೀಕ್ಷಾಸ್ನಾನಕ್ಕೆ ಸಂತರ ಪಟ್ಟಿಯ ಹೆಸರೇ ಬೇಕು. ಪಟ್ಟಿಯಲ್ಲಿ ಸ್ವೆತ್ಲಾನಾ ಇರಲಿಲ್ಲ. ಹಡಗಿಗೆ ಆ ಅಡ್ಡಿಯಿಲ್ಲವಲ್ಲ, ರಷ್ಯದ ನೌಕಾಪಡೆ ಧಾರಾಳವಾಗಿ ಇಟ್ಟಿತು. 1905ರಲ್ಲಿ ಜಪಾನಿನ ವಿರುದ್ಧ ನಡೆದ ತ್ಸುಶಿಮಾ ಕದನದಲ್ಲಿ ಮುಳುಗಿದ ಹಡಗುಗಳಲ್ಲಿ ಒಂದು ‘ಸ್ವೆತ್ಲಾನಾ’. 1917ರ ಕ್ರಾಂತಿಯ ನಂತರ ಹೆಸರು ಸರ್ಕಾರಿ ನೋಂದಣಿಗೆ ಬಂದ ಮೇಲೆ ತಡೆಯೇ ಉಳಿಯಲಿಲ್ಲ. 1926ರಲ್ಲಿ ಹುಟ್ಟಿದ ಸ್ಟಾಲಿನ್‌ನ ಮಗಳೂ ಸ್ವೆತ್ಲಾನಾ. ಇಂದಿಗೂ ಹಲವರಿಗೆ ಚರ್ಚಿನಲ್ಲಿ ‘ಫೊತಿನಿಯಾ’ ಎಂಬ ಇನ್ನೊಂದು ಹೆಸರಿರುತ್ತದೆ. ಅದರೊಳಗಿರುವುದು ಬೆಳಕು ಎಂಬ ಗ್ರೀಕ್ ಪದ.

ಬರೆಯುವಾಗ ‘ಸ್ವೆತ್ಲಾನಾ’ ಎಂದೇ ಬರೆಯಿರಿ. ಇಂಗ್ಲಿಷ್ ಕಾಗುಣಿತ ನೋಡಿ ‘ಸ್ವೆಟ್ಲಾನಾ’ ಎನ್ನುವವರೇ ಹೆಚ್ಚು. ರಷ್ಯನ್ನಿನ ಆ ಅಕ್ಷರ ನಮ್ಮ ‘ತ’ಕ್ಕೇ ಹತ್ತಿರ. ಹೇಳುವಾಗ ಒತ್ತು ‘ಲಾ’ದ ಮೇಲೆ ಬೀಳಲಿ, ಕೊನೆಯ ‘ನಾ’ವನ್ನು ಎಳೆಯಬೇಡಿ. ಗೆಳತಿಯರಿಗೆ ‘ಸ್ವೆತಾ’ ಸಾಕು, ಮುದ್ದಿಗೆ ‘ಸ್ವೆತೊಚ್ಕಾ’. ‘ಸ್ವೆತ್ಕಾ’ ತೀರಾ ಸಲಿಗೆಯದು, ಹೊರಗಿನವರು ಅಂದರೆ ಒರಟಾಗಿ ಕೇಳಿಸುತ್ತದೆ. ಅದೇ ಹೆಸರಿನ ಶಿಕ್ಷಕಿಗೆ ಬರೆಯುವುದಾದರೆ ತಂದೆಯ ಹೆಸರು ಸೇರಿಸಬೇಕು: ತಂದೆ ಇವಾನ್ ಆದರೆ ‘ಸ್ವೆತ್ಲಾನಾ ಇವಾನೊವ್ನಾ’.

ಪ್ರಶ್ನೆ: ಹಾಗಾದರೆ ದೇವಿಕಾ ರಾಣಿಯವರ ಪತಿ, ಬೆಂಗಳೂರಿನ ತಾತಗುಣಿಯಲ್ಲಿದ್ದ ಕಲಾವಿದ ಸ್ವೆತೊಸ್ಲಾವ್ ರೋರಿಕ್ ಹೆಸರಿನಲ್ಲೂ ಇದೇ ಬೆಳಕೇ?
– ಓದುಗರು, ಬೆಂಗಳೂರು

ಉತ್ತರ: ಅಲ್ಲ. ಇಂಗ್ಲಿಷ್ ಬರಹ ಇಲ್ಲೂ ದಾರಿ ತಪ್ಪಿಸಿದೆ. ರಷ್ಯನ್ನಿನಲ್ಲಿ ಅವರು ‘ಸ್ವ್ಯತೊಸ್ಲಾವ್’. ‘ಸ್ವ್ಯತ್’ ಎಂದರೆ ಪವಿತ್ರ, ‘ಸ್ಲಾವ’ ಎಂದರೆ ಕೀರ್ತಿ. ಆ ಎರಡನೆಯ ಪದಕ್ಕೆ ಸಂಸ್ಕೃತದ ‘ಶ್ರವಸ್’ ದಾಯಾದಿ. ಅಲ್ಲೂ ಮೊದಲ ಅಕ್ಷರ ‘ಶ’ಕ್ಕೆ ‘ಸ’.